ಮದುವೆಯ ಬೆಳಗಿಗೆ ಗೆಳತಿಯರ ಉಡುಪು: ಓದುಗರ ಪ್ರಶ್ನೆಗಳಿಗೆ ಉತ್ತರ

ಪ್ರಶ್ನೆ: ನಮ್ಮ ಮನೆ ಶಿರಸಿ ತಾಲೂಕಿನ ಒಂದು ಹಳ್ಳಿಯಲ್ಲಿದೆ. ಬರುವ ವೈಶಾಖದಲ್ಲಿ ಕುಮಟಾದ ಕಲ್ಯಾಣ ಮಂಟಪವೊಂದರಲ್ಲಿ ನನ್ನ ಮದುವೆ. ಮುಹೂರ್ತ ಬೆಳಿಗ್ಗೆ ಹತ್ತರೊಳಗೆ ಇರುವುದರಿಂದ ನಾವು ಹಿಂದಿನ ದಿನವೇ ಘಟ್ಟ ಇಳಿದು ಮಂಟಪದ ಕೋಣೆಯಲ್ಲಿ ಉಳಿದುಕೊಳ್ಳುತ್ತೇವೆ. ಕಳಸಗಿತ್ತಿಯಾಗುವ ತಂಗಿ, ಅತ್ತೆಯ ಮಕ್ಕಳಿಬ್ಬರು, ಕಾಲೇಜಿನ ಗೆಳತಿಯರು ನಾಲ್ವರು, ಹೀಗೆ ಏಳು ಮಂದಿ ಬೆಳಗಿನ ನಾಲ್ಕು ಗಂಟೆಯಿಂದ ನನ್ನ ಜೊತೆಗಿರುತ್ತಾರೆ. ಜಡೆ, ಅಲಂಕಾರ ಮುಗಿದು ಸೀರೆ ಉಡುವವರೆಗೆ ತೊಟ್ಟುಕೊಳ್ಳಲು ಅವರೆಲ್ಲರಿಗೂ ಒಂದೇ ಬಗೆಯ ಉಡುಪನ್ನು ಉಡುಗೊರೆಯಾಗಿ ಕೊಡಬೇಕೆಂಬುದು ನನ್ನ ಆಸೆ. ಫೋಟೋ ತೆಗೆಯುವವರು ಸೊಂಟಕ್ಕೆ ಪಟ್ಟಿ ಕಟ್ಟುವ ಸ್ಯಾಟಿನ್ ಗೌನಿನ ಚಿತ್ರ ಕಳುಹಿಸಿದ್ದಾರೆ. ನೆಂಟರು ತುಂಬಿರುವಲ್ಲಿ ಅಂಥದ್ದನ್ನು ತೊಟ್ಟು ಓಡಾಡುವುದು ಚೆಂದವಲ್ಲವೆಂದು ಅಮ್ಮ ಹೇಳುತ್ತಾರೆ. ಗೆಳತಿಯರಲ್ಲಿ ಒಬ್ಬಳಿಗೆ ಆ ಹೊತ್ತಿಗೆ ನಾಲ್ಕು ತಿಂಗಳ ಮಗುವಿರುತ್ತದೆ. ಭಟ್ಕಳದ ಇನ್ನೊಬ್ಬಳು ತಲೆವಸ್ತ್ರ ಧರಿಸುತ್ತಾಳೆ. ಮೈತುಂಬಿಕೊಂಡಿರುವ ಮತ್ತೊಬ್ಬಳಿಗೆ ಅಂಗಡಿಯ ಸಿದ್ಧ ಉಡುಪು ಸರಿಯಾಗುವುದೇ ಅಪರೂಪ. ಒಬ್ಬರಿಗೆ 1,200 ರೂಪಾಯಿಯವರೆಗೆ ಖರ್ಚು ಮಾಡಬಲ್ಲೆ. ಏನನ್ನು ಕೊಡಲಿ?
(ಒಬ್ಬ ಮದುಮಗಳು, ಶಿರಸಿ ತಾಲೂಕು)

ಉತ್ತರ: ತಂಗೀ, ಜವಳಿ ತೆಗೆಯುವ ಗಡಿಬಿಡಿಯ ನಡುವೆ ಗೆಳತಿಯರಲ್ಲಿ ಯಾರ ಮೈಕಟ್ಟು ಎಂಥದು, ಯಾರ ಕಷ್ಟವೇನು ಎಂಬುದನ್ನು ಇಷ್ಟು ವಿವರವಾಗಿ ಬರೆದಿರುವ ನಿಮ್ಮ ಪತ್ರ ಓದಿ ಸಂತೋಷವಾಯಿತು. ಉತ್ತರ ಹೇಳಬೇಕಾದದ್ದು ಫೋಟೋ ತೆಗೆಯುವವರು ಕಳುಹಿಸಿದ ಚಿತ್ರವನ್ನು ನೋಡಿ ಅಲ್ಲ, ನೀವು ಬರೆದ ಆ ಮೂವರು ಗೆಳತಿಯರನ್ನು ನೋಡಿ. ಅವರು ಮೂವರೂ ಹಾಯಾಗಿ ತೊಡಬಲ್ಲ ಉಡುಪು ಉಳಿದ ನಾಲ್ವರಿಗೂ ಹಾಯಾಗಿಯೇ ಇರುತ್ತದೆ. ಒಂದೇ ಹತ್ತಿ ಬಟ್ಟೆಯನ್ನು ತಾನಿನಿಂದ (ಬಟ್ಟೆಯ ಸುರುಳಿಯಿಂದ) ಕೊಂಡು, ಮುಂದೆ ಪೂರ್ತಿ ತೆರೆಯುವ, ಮೊಣಕಾಲಿನಿಂದ ಸಾಕಷ್ಟು ಕೆಳಗಿಳಿಯುವ ಉದ್ದನೆಯ ಅಂಗಿಯನ್ನು ಒಬ್ಬೊಬ್ಬರ ಅಳತೆಗೆ ಹೊಲಿಸಿ ಕೊಡಿ ಎಂಬುದು ನನ್ನ ಸಲಹೆ. ಬಟ್ಟೆ ಒಂದೇ ಇರಲಿ. ಹೊಲಿಗೆ ಅವರವರಿಗೆ ಬೇಕಾದಂತೆ ಇರಲಿ.

ಮುಂದೆ ಪೂರ್ತಿ ತೆರೆಯಬೇಕೆಂದು ನಾನು ಒತ್ತಿ ಹೇಳುವುದಕ್ಕೆ ಕಾರಣವಿದೆ. ಅಕ್ಕನ ಮಗಳ ಮದುವೆಯಲ್ಲಿ ಕಳಸಗಿತ್ತಿಯಾದ ಹುಡುಗಿ ತಲೆಯ ಮೇಲಿಂದ ತೊಡುವ ಮುಚ್ಚುಗೊರಳಿನ ಕುರ್ತಾ ಹಾಕಿಕೊಂಡೇ ಮೊಗ್ಗಿನ ಜಡೆ ಹೆಣೆಸಿಕೊಳ್ಳಲು ಕುಳಿತಿದ್ದಳು. ಒಂದೂವರೆ ತಾಸಿನ ಕೆಲಸ ಮುಗಿದು ಸೀರೆ ಉಡಿಸಲು ಎದ್ದಾಗ ಆ ಕುರ್ತಾವನ್ನು ತೆಗೆಯುವ ದಾರಿ ಯಾರಿಗೂ ತೋಚಲಿಲ್ಲ. ಇಬ್ಬರು ಹಿಂದಿನಿಂದ ಜಡೆಯನ್ನು ಎತ್ತಿ ಹಿಡಿದರು, ಒಬ್ಬರು ಕೊರಳಪಟ್ಟಿಯನ್ನು ಹಿಗ್ಗಿಸಿದರು, ಮೊಗ್ಗುಗಳು ಒಂದೊಂದಾಗಿ ನೆಲಕ್ಕೆ ಉದುರತೊಡಗಿದವು. ಕೊನೆಗೆ ಅವಳ ಅಮ್ಮನೇ ಕತ್ತರಿ ತಂದು ಕೊರಳಿನಿಂದ ಅಂಚಿನವರೆಗೆ ಕುರ್ತಾವನ್ನು ಸೀಳಿ ತೆಗೆದರು. ಅದು ಅವಳು ಆ ವಾರವಷ್ಟೇ ಕೊಂಡ ಹೊಸ ಕುರ್ತಾ. ಉದುರಿದ ಮೊಗ್ಗುಗಳನ್ನು ಮತ್ತೆ ಪೋಣಿಸಿ ಸಿಕ್ಕಿಸುವಷ್ಟರಲ್ಲಿ ಹೊರಗೆ ಪುರೋಹಿತರು ಕಳಸಗಿತ್ತಿಯನ್ನು ಎರಡು ಸಲ ಕರೆದಾಗಿತ್ತು.

ಆದ್ದರಿಂದ ಮೇಲಿನಿಂದ ಕೆಳಗಿನವರೆಗೆ ಗುಂಡಿಯಿರುವ ಅಂಗಿಯೇ ಸರಿ. ಮೇಲೆ ಮೂರೇ ಗುಂಡಿಯಿಟ್ಟು ಕೆಳಗೆ ಮುಚ್ಚಿ ಹೊಲಿದದ್ದು ಸಾಲದು. ಹೆಗಲಿನಿಂದ ಜಾರಿಸಿ ಕೆಳಗಿಳಿಸುವಾಗ ಅದು ಸೊಂಟದಲ್ಲಿ ಸಿಕ್ಕಿಕೊಳ್ಳುತ್ತದೆ. ದೊಡ್ಡ ಗುಂಡಿ, ಬಿಗಿಯಾಗದ ಕಾಜ ಇರಲಿ. ಮದರಂಗಿ ಹಚ್ಚಿದ ಕೈಗೂ ಉಗುರಿನ ಬಣ್ಣ ಒಣಗದ ಬೆರಳಿಗೂ ಸಣ್ಣ ಗುಂಡಿ ಒಗ್ಗುವುದಿಲ್ಲ. ಟಿಚ್ ಬಟನ್ ಹಾಕಿಸಿದರೆ ಇನ್ನೂ ಸುಲಭ, ಆದರೆ ಎದೆಯ ಭಾಗದಲ್ಲಿ ಅದು ಎಳೆತಕ್ಕೆ ತಾನಾಗಿ ಬಿಚ್ಚಿಕೊಳ್ಳುವುದುಂಟು. ಅಲ್ಲಿ ಮಾತ್ರ ಗುಂಡಿಯನ್ನೇ ಇಡಿಸಿ. ಎಳೆಗೂಸಿನ ತಾಯಿಗೆ ಈ ಹೊಲಿಗೆಯೇ ದೊಡ್ಡ ಉಪಕಾರವಾಗುತ್ತದೆ. ಅವಳು ಮಗುವಿಗೆ ಹಾಲೂಡಿಸಲು ಪ್ರತಿ ಸಲ ಬೇರೆ ಕೋಣೆ ಹುಡುಕಿಕೊಂಡು ಹೋಗಿ ಉಡುಪು ಬದಲಿಸಬೇಕಾಗಿಲ್ಲ.

ತೋಳಿನ ವಿಷಯದಲ್ಲಿ ಬಹಳ ಜನ ತಪ್ಪುತ್ತಾರೆ. ಮುಕ್ಕಾಲು ತೋಳು ನೋಡಲು ಚೆಂದ, ಆದರೆ ತೋಳಿನ ಬಾಯಿ ಕಿರಿದಾಗಿದ್ದರೆ ಗಾಜಿನ ಬಳೆ ತೊಟ್ಟ ಕೈ ಅದರಿಂದ ಹೊರಬರುವುದಿಲ್ಲ. ನಮ್ಮ ಕಡೆ ಮದುಮಗಳಿಗೆ ಬಳೆ ಇಡಿಸುವಾಗ ಜೊತೆಗಿರುವ ಹೆಣ್ಣುಮಕ್ಕಳೂ ಕೈ ಒಡ್ಡುತ್ತಾರೆ. ಮಾರನೆಯ ಬೆಳಿಗ್ಗೆ ಒಬ್ಬೊಬ್ಬರ ಕೈಯಲ್ಲೂ ಡಜನ್ ಬಳೆಯಿರುತ್ತದೆ. ಅಂಗಿಯ ತೋಳು ತೆಗೆಯುವಾಗ ಬಳೆ ಒಡೆದು ಕೈಗೆ ಚುಚ್ಚಿಕೊಂಡರೆ ನೋವಷ್ಟೇ ಅಲ್ಲ, ಆ ದಿನ ಬಳೆ ಒಡೆಯಿತೆಂದು ಹಿರಿಯರ ಮನಸ್ಸೂ ಕದಡುತ್ತದೆ. ತೋಳಿನ ಬಾಯಿ ಕಡಿಮೆಯೆಂದರೂ ಹದಿನಾಲ್ಕು ಇಂಚು ಸುತ್ತಳತೆ ಇರಲೆಂದು ದರ್ಜಿಗೆ ಹೇಳಿ. ಭಟ್ಕಳದ ಗೆಳತಿಗೆ ಮಣಿಕಟ್ಟಿನವರೆಗೆ ಬರುವ ಪೂರ್ತಿ ತೋಳು ಹೊಲಿಸಿ, ಅದೇ ಬಟ್ಟೆಯಲ್ಲಾಗಲಿ ಅದಕ್ಕೊಪ್ಪುವ ತೆಳು ಬಟ್ಟೆಯಲ್ಲಾಗಲಿ ಎರಡು ಮೀಟರಿನ ತಲೆವಸ್ತ್ರವನ್ನೂ ಸೇರಿಸಿ ಕೊಡಿ. ಅವಳ ತಲೆವಸ್ತ್ರವೂ ಆ ಜೊತೆಯುಡುಪಿನ ಭಾಗವಾಗಿ ಬಂದಿದೆ ಎಂದು ಅವಳು ಪೊಟ್ಟಣ ಬಿಚ್ಚಿದಾಗ ತಿಳಿದರೆ ಅವಳಿಗೆ ಎಷ್ಟು ಹಿತವೆನಿಸಬಹುದೆಂದು ಯೋಚಿಸಿ. ಅಲಂಕಾರದ ಕೋಣೆಗೆ ಗಂಡಸರು ಫೋಟೋ ತೆಗೆಯಲು ಬರುವ ಸಮಯವನ್ನೂ ಅವಳಿಗೆ ಮೊದಲೇ ತಿಳಿಸಿಡಿ.

ಕೊರಳಿಗೆ ಕಾಲರ್ ಬೇಡ. ಮುಖಕ್ಕೆ ಹಚ್ಚುವ ಬಣ್ಣವನ್ನು ಕತ್ತಿನವರೆಗೂ, ಕೆಲವೊಮ್ಮೆ ಬೆನ್ನಿನವರೆಗೂ ಸವರುತ್ತಾರೆ. ಕಾಲರ್ ಇದ್ದರೆ ಅದು ಬಣ್ಣವನ್ನು ಒರೆಸಿಕೊಂಡು ತಾನೂ ಕೊಳೆಯಾಗುತ್ತದೆ. ಅಗಲವಾದ ದುಂಡು ಕೊರಳು ಅಥವಾ ಮುಂದೆ ಸ್ವಲ್ಪ ಇಳಿದ ಕೊರಳು ಸಾಕು.

ಇನ್ನು ಅಳತೆ. ಬಹುತೇಕ ಎಲ್ಲರೂ ರವಿಕೆಯನ್ನು ಮೊದಲೇ ತೊಟ್ಟು ಅದರ ಮೇಲೆ ಈ ಅಂಗಿಯನ್ನು ಹಾಕಿಕೊಂಡು ಅಲಂಕಾರಕ್ಕೆ ಕುಳಿತುಕೊಳ್ಳುತ್ತಾರೆ. ಹಾಗಾಗಿ ಎದೆಯ ಸುತ್ತಳತೆಗಿಂತ ಐದಾರು ಇಂಚು ಹೆಚ್ಚಿಗೆ ಇಡಬೇಕು, ಒಳಗೆ ಇನ್ನೂ ಒಂದೂವರೆ ಇಂಚು ಬಟ್ಟೆ ಬಿಡಿಸಬೇಕು. ಮಗುವಿನ ತಾಯಿಯ ಅಳತೆ ಈಗಿನದಕ್ಕಿಂತ ಬೇರೆಯಾಗಬಹುದು; ಅವಳದ್ದನ್ನು ಕೊನೆಗೆ ಹೊಲಿಸಿ. ಮೈತುಂಬಿಕೊಂಡ ಗೆಳತಿಯ ಅಳತೆಯನ್ನು ಎಲ್ಲರ ಗುಂಪಿನ ಸಂದೇಶದಲ್ಲಿ ಕೇಳಬೇಡಿ. ಒಬ್ಬೊಬ್ಬರಿಗೂ ಬೇರೆ ಬೇರೆಯಾಗಿ ಫೋನ್ ಮಾಡಿ, 'ನಿನಗೆ ಚೆನ್ನಾಗಿ ಕೂರುವ ಒಂದು ಹಳೆಯ ಕುರ್ತಾ ಕಳುಹಿಸಿಕೊಡು' ಎಂದರೆ ಸಾಕು. ಯಾರೂ ಯಾರ ಎದುರಿಗೂ ಇಂಚು ಹೇಳಬೇಕಾಗುವುದಿಲ್ಲ, ದರ್ಜಿಗೂ ಅಳತೆ ಉಡುಪೇ ಹೆಚ್ಚು ನಂಬಿಕೆಯದು.

ಈ ಮಾತನ್ನು ಹೇಳುವಾಗ ಕರಾವಳಿಯಲ್ಲಿ ಕಂಡ ಇನ್ನೊಂದು ಮದುವೆ ನನ್ನ ಕಣ್ಣ ಮುಂದೆ ಬರುತ್ತದೆ. ಎಲ್ಲರಿಗೂ ಆಗುತ್ತದೆಂಬ ಒಂದೇ ಅಳತೆಯ ಆರು ಸ್ಯಾಟಿನ್ ಗೌನುಗಳನ್ನು ತರಿಸಿದ್ದರು. ಒಬ್ಬ ಹುಡುಗಿ ಸೊಂಟದ ಪಟ್ಟಿಯ ಎರಡು ತುದಿಗಳನ್ನು ಎರಡು ಕೈಯಲ್ಲಿ ಹಿಡಿದು ಕನ್ನಡಿಯ ಮುಂದೆ ನಿಂತಿದ್ದಳು. ಪಟ್ಟಿ ಗಂಟು ಹಾಕುವಷ್ಟು ಸುತ್ತು ಬರುತ್ತಿತ್ತು, ಆದರೆ ಮುಂದಿನ ಎರಡು ಅಂಚುಗಳು ಒಂದನ್ನೊಂದು ಮುಟ್ಟುತ್ತಿರಲಿಲ್ಲ. ಅವಳು ಏನನ್ನೂ ಹೇಳದೆ ತನ್ನ ವೇಲನ್ನು ಎದೆಯ ಮೇಲೆ ಅಡ್ಡಲಾಗಿ ಹೊದ್ದು ಪಿನ್ನು ಚುಚ್ಚಿಕೊಂಡಳು. ಆ ಮನೆಯ ಆಲ್ಬಮ್ಮಿನಲ್ಲಿ ಬೆಳಗಿನ ಚಿತ್ರಗಳಲ್ಲೆಲ್ಲ ಅವಳು ಹಿಂದಿನ ಸಾಲಿನಲ್ಲಿ, ಇನ್ನೊಬ್ಬರ ಹೆಗಲ ಮರೆಯಲ್ಲಿದ್ದಾಳೆ. ಉಡುಗೊರೆ ಎಂಬ ಮಾತಿನಲ್ಲಿಯೇ ಉಡುವುದು ಇದೆ. ಉಡಲಾಗದ್ದನ್ನು ಕೊಟ್ಟು ಒಬ್ಬಳ ಬೆಳಗನ್ನು ಹಾಗೆ ಮಾಡಬಾರದು.

ಬಟ್ಟೆಯ ಆಯ್ಕೆಗೆ ಬರೋಣ. ಸ್ಯಾಟಿನ್ ಎಂಬುದು ನೂಲಿನ ಹೆಸರಲ್ಲ, ನೇಯ್ಗೆಯ ಹೆಸರು. ರೇಷ್ಮೆಯಲ್ಲಿಯೂ ಹತ್ತಿಯಲ್ಲಿಯೂ ಸ್ಯಾಟಿನ್ ನೇಯಬಹುದು. ಆದರೆ ಕಡಿಮೆ ಬೆಲೆಗೆ ಸಿಗುವ ಹೊಳೆಯುವ ಗೌನುಗಳು ಸಾಮಾನ್ಯವಾಗಿ ಪಾಲಿಯೆಸ್ಟರಿನವು. ಪಾಲಿಯೆಸ್ಟರ್ ಬೆವರನ್ನು ಹೀರುವುದಿಲ್ಲ. ವೈಶಾಖವೆಂದರೆ ಏಪ್ರಿಲ್-ಮೇ ತಿಂಗಳು. ಶಿರಸಿಯ ನಿಮ್ಮ ಮನೆಯ ಅಂಗಳದಲ್ಲಿ ನಸುಕಿಗೆ ತಂಪು ಗಾಳಿ ಇರಬಹುದು, ದೇವಿಮನೆ ಘಟ್ಟ ಇಳಿದು ಕುಮಟಾ ಸೇರಿದರೆ ಬೆಳಗಿನ ಐದಕ್ಕೇ ಮೈ ಅಂಟತೊಡಗುತ್ತದೆ. ಮುಚ್ಚಿದ ಕೋಣೆ, ಹನ್ನೆರಡು ಜನ, ಉರಿಯುವ ದೀಪಗಳು, ಸ್ನಾನದ ಮನೆಯಿಂದ ಬರುವ ಹಬೆ ಇವೆಲ್ಲ ಸೇರಿದಾಗ ಪಾಲಿಯೆಸ್ಟರ್ ಬೆನ್ನಿಗೆ ಮೆತ್ತಿಕೊಳ್ಳುತ್ತದೆ, ಬೆವರಿನ ಕಲೆ ದೊಡ್ಡದಾಗಿ ಕಾಣುತ್ತದೆ. ಬೆಂಕಿಯ ಭಯವೂ ಇದೆ. ಕೂದಲು ನೇರ ಮಾಡುವ ಯಂತ್ರ ಸುಮಾರು 200 ಡಿಗ್ರಿಯವರೆಗೆ ಕಾಯುತ್ತದೆ. ಅದು ಕೈತಪ್ಪಿ ಪಾಲಿಯೆಸ್ಟರಿಗೆ ತಾಗಿದರೆ ಬಟ್ಟೆ ಸುಕ್ಕುಗಟ್ಟಿ ಗುರುತು ಉಳಿಯುತ್ತದೆ. ಕೋಣೆಯಲ್ಲಿ ಹಚ್ಚಿಟ್ಟ ದೀಪ ತಾಗಿದರಂತೂ ಅದು ಕರಗಿ ಚರ್ಮಕ್ಕೆ ಅಂಟುತ್ತದೆ. ಹತ್ತಿಗೂ ಬೆಂಕಿ ಹತ್ತುತ್ತದೆ, ಆದರೆ ಅದು ಕರಗಿ ಮೈಗೆ ಅಂಟಿಕೊಳ್ಳುವುದಿಲ್ಲ.

ಅಂಗಡಿಯವರು ಹತ್ತಿಯೆಂದು ಹೇಳಿದ್ದು ಹತ್ತಿಯೇ ಎಂದು ತಿಳಿಯಲು ನಾಲ್ಕೆಳೆ ನೂಲನ್ನು ಬಿಡಿಸಿ ತಂದು ಅಡುಗೆಮನೆಯಲ್ಲಿ ಸುಟ್ಟು ನೋಡಿ. ಹತ್ತಿಯ ನೂಲು ಕಾಗದ ಸುಟ್ಟ ವಾಸನೆ ಕೊಟ್ಟು ಬೂದಿಯಾಗುತ್ತದೆ, ಬೆರಳಿನಿಂದ ಉಜ್ಜಿದರೆ ಪುಡಿಯಾಗುತ್ತದೆ. ಪಾಲಿಯೆಸ್ಟರ್ ನೂಲು ಕರಗಿ ತುದಿಯಲ್ಲಿ ಗಟ್ಟಿ ಮಣಿಯಾಗಿ ನಿಲ್ಲುತ್ತದೆ. ರೇಯಾನ್ ಕೂಡ ಕಾಗದದಂತೆಯೇ ಉರಿಯುವುದರಿಂದ ಅದನ್ನು ಈ ಪರೀಕ್ಷೆಯಲ್ಲಿ ಹತ್ತಿಯಿಂದ ಬೇರೆ ಮಾಡಲಾಗುವುದಿಲ್ಲ. ರೇಯಾನ್ ಕೆಟ್ಟ ಬಟ್ಟೆಯಲ್ಲ. ಮೆತ್ತಗೆ ಇಳಿಬೀಳುತ್ತದೆ, ಬೆವರನ್ನೂ ಹೀರುತ್ತದೆ. ಒದ್ದೆಯಾದಾಗ ಅದರ ಬಲ ಕಡಿಮೆಯಾಗುವುದರಿಂದ ಒಗೆಯುವಾಗ ಹಿಂಡಿ ತಿರುಚಬಾರದು, ಅಷ್ಟೇ. ತೀರ ತೆಳುವಾದ ಮಲ್‌ಮಲ್ ಕೈಗೆ ಬಹಳ ಹಿತ, ಆದರೆ ಫೋಟೋದ ದೀಪ ಹಿಂದಿನಿಂದ ಬಿದ್ದರೆ ಒಳಗಿನದೆಲ್ಲ ಕಾಣುತ್ತದೆ. ಅಂಗಡಿಯ ಬಾಗಿಲ ಬೆಳಕಿಗೆ ಬಟ್ಟೆಯನ್ನು ಹಿಡಿದು ಅದರ ಹಿಂದೆ ನಿಮ್ಮ ಕೈಯನ್ನಿಡಿ. ಬೆರಳುಗಳ ನಡುವಿನ ಸಂದು ಸ್ಪಷ್ಟವಾಗಿ ಕಂಡರೆ ಆ ಬಟ್ಟೆಗೆ ಅಸ್ತರ ಬೇಕಾಗುತ್ತದೆ, ಅಸ್ತರ ಹಾಕಿದರೆ ಸೆಕೆ ಹೆಚ್ಚಾಗುತ್ತದೆ. ಅದಕ್ಕಿಂತ ಒಂದು ತೂಕ ಹೆಚ್ಚಿನ ಕ್ಯಾಂಬ್ರಿಕ್ ಹತ್ತಿಯನ್ನು ಆರಿಸಿಕೊಳ್ಳುವುದು ಒಳ್ಳೆಯದು.

ಬಣ್ಣಕ್ಕೆ ಬಂದರೆ, ಎದ್ದು ಹೊಡೆಯುವ ಕೆಂಪು, ಕಿತ್ತಳೆ ಬೇಡ. ಗಾಢ ಬಣ್ಣದ ಬಟ್ಟೆಯ ಮೇಲೆ ಬಿದ್ದ ಬೆಳಕು ಗಲ್ಲದ ಕೆಳಗೆ ಅದೇ ಬಣ್ಣವನ್ನು ಚೆಲ್ಲುತ್ತದೆ. ಮುಖಕ್ಕೆ ಬಣ್ಣ ಹಚ್ಚುವವರ ಕಣ್ಣಿಗೂ ಅದು ಮೋಸ ಮಾಡುತ್ತದೆ, ಫೋಟೋದಲ್ಲಿಯೂ ಉಳಿಯುತ್ತದೆ. ಅಚ್ಚ ಬಿಳಿಯೂ ಬೇಡ. ಕುಂಕುಮ, ಅರಿಶಿನ, ಕಾಡಿಗೆಗಳ ನಡುವೆ ಅದು ಅರ್ಧ ತಾಸೂ ಬಿಳಿಯಾಗಿ ಇರುವುದಿಲ್ಲ. ಎಳೆ ಹಸಿರು, ಬೂದುನೀಲಿ, ಮಾಸಲು ಗುಲಾಬಿ ಇಂಥ ನಡುಬಣ್ಣದಲ್ಲಿ ಸಣ್ಣ ಹೂವಿನ ಅಚ್ಚಿರುವ ಬಟ್ಟೆ ಕಲೆಯನ್ನು ಮರೆಸುತ್ತದೆ. ನಿಮ್ಮದಕ್ಕೆ ಬೇರೆ ಬಣ್ಣ ಬೇಕೆಂದಿದ್ದರೆ ಅದೇ ಅಚ್ಚಿನ ಇನ್ನೊಂದು ಬಣ್ಣ ತೆಗೆದುಕೊಳ್ಳಿ. ಗುಳೇದಗುಡ್ಡದ ರವಿಕೆ ಬಟ್ಟೆಯಾದ ಕಣದ ಒಂದು ತುಂಡನ್ನು ಕಿಸೆಯ ಬಾಯಿಗೆ ಪಟ್ಟಿಯಾಗಿ ಹೊಲಿಸಿದರೆ ಸರಳ ಅಂಗಿಗೂ ಮದುವೆಯ ಕಳೆ ಬರುತ್ತದೆ. ಆದರೆ ಅದಕ್ಕೆ ಮೊದಲು ಕಣವನ್ನು ಒದ್ದೆ ಮಾಡಿ ಬಿಳಿ ಬಟ್ಟೆಯ ಮೇಲೆ ಒತ್ತಿ ಬಣ್ಣ ಬಿಡುತ್ತದೆಯೇ ನೋಡಿ.

ಅರಿಶಿನ ತಾಗಿದರೆ ಗಾಬರಿಯಿಂದ ಸಾಬೂನು ಹಚ್ಚಬೇಡಿ. ಸಾಬೂನಿನ ಕ್ಷಾರಕ್ಕೆ ಅರಿಶಿನ ಕೆಂಪಾಗುತ್ತದೆ. ತಣ್ಣೀರಿನಲ್ಲಿ ಜಾಲಿಸಿ, ಆಮೇಲೆ ಒಗೆದು ಬಿಸಿಲಿಗೆ ಹರವಿದರೆ ಅರಿಶಿನದ ಬಣ್ಣ ಬಿಸಿಲಿಗೆ ತಾನಾಗಿ ಮಂಕಾಗುತ್ತ ಹೋಗುತ್ತದೆ. ಒಂದೇ ದಿನಕ್ಕೆ ಹೋಗದಿದ್ದರೆ ಎರಡು ಮೂರು ದಿನ ಹರವಿ.

ಲೆಕ್ಕ ಹೀಗಾಗುತ್ತದೆ. 44 ಇಂಚು ಪನ್ನದ ಬಟ್ಟೆಯಾದರೆ ತೋಳಿನ ಸಮೇತ ಒಂದು ಉದ್ದ ಅಂಗಿಗೆ ಎರಡೂವರೆ ಮೀಟರ್ ಹಿಡಿಯಿರಿ, ಮೈತುಂಬಿಕೊಂಡ ಗೆಳತಿಗೂ ಪೂರ್ತಿ ತೋಳಿನ ಭಟ್ಕಳದ ಗೆಳತಿಗೂ ತಲಾ ಮೂರು ಮೀಟರ್. ಏಳು ಜನಕ್ಕೆ ಹದಿನೆಂಟೂವರೆ ಮೀಟರ್ ಆಯಿತು. ಹತ್ತಿ ಬಟ್ಟೆ ಮೊದಲ ಒಗೆತಕ್ಕೆ ನೂರಕ್ಕೆ ಮೂರರಿಂದ ಐದರಷ್ಟು ಕುಗ್ಗುವುದರಿಂದ ಇಪ್ಪತ್ತು ಮೀಟರ್ ಕೊಂಡು, ಹೊಲಿಯಲು ಕೊಡುವ ಮೊದಲು ಒಂದು ರಾತ್ರಿ ನೀರಿನಲ್ಲಿ ನೆನೆಸಿ ಒಣಗಿಸಿ ಕೊಡಿ. ಮೀಟರಿಗೆ 150 ರೂಪಾಯಿಯ ಬಟ್ಟೆ ಆರಿಸಿದರೆ 3,000 ರೂಪಾಯಿ, ಹೊಲಿಗೆಗೆ ತಲಾ 500 ಎಂದುಕೊಂಡರೆ 3,500. ನಿಮ್ಮ 8,400 ರೂಪಾಯಿಯಲ್ಲಿ ಇನ್ನೂ 1,900 ಉಳಿಯುತ್ತದೆ. ಅದರಲ್ಲಿ ಭಟ್ಕಳದ ಗೆಳತಿಯ ತಲೆವಸ್ತ್ರವೂ, ಎಲ್ಲರಿಗೂ ಒಂದೊಂದು ಬಟ್ಟೆಯ ಚೀಲವೂ ಬರುತ್ತದೆ. ಕೆಳಗೆ ತೊಡಲು ಅವರವರ ಹತ್ತಿರವಿರುವ ಕೆನೆಬಣ್ಣದ ಪಲಾಜೋ ಅಥವಾ ಲೆಗ್ಗಿಂಗ್ಸ್ ತರಲು ಹೇಳಿದರೆ ಯಾರಿಗೂ ಹೊರೆಯಾಗದು. ಚೀಲವನ್ನು ಅಲಂಕಾರಕ್ಕೆಂದು ತಿಳಿಯಬೇಡಿ. ಆ ದಿನ ಕಳಚಿಟ್ಟ ಅಂಗಿ, ಚಪ್ಪಲಿ, ಹೇರ್‌ಪಿನ್ನು ಹಾಕಿಕೊಂಡು ಹೋಗಲು ಪ್ರತಿಯೊಬ್ಬಳಿಗೂ ಒಂದು ಚೀಲ ಬೇಕೇ ಬೇಕು.

ಅಮ್ಮನ ಮಾತಿಗೆ ಬರುತ್ತೇನೆ. ಅವರ ಸಂಕೋಚವನ್ನು ಹಳೆಯ ಕಾಲದ ಮಾತೆಂದು ತಳ್ಳಿಹಾಕಬೇಡಿ. ಆ ಬೆಳಗಿನ ಕೋಣೆಗೆ ಕಷಾಯದ ಲೋಟ ಹಿಡಿದು ಸೋದರಮಾವ ಬರುತ್ತಾರೆ, ಹೂವಿನ ಬುಟ್ಟಿ ತರುವ ಹುಡುಗ ಬರುತ್ತಾನೆ, ಮಕ್ಕಳಿಗಂತೂ ಬಾಗಿಲೇ ಇಲ್ಲ. ನಿಮ್ಮ ಗೆಳತಿಯರು ಎಂಟು ಸಲ ಹೊರಗೆ ಹೋಗಿ ಬರಬೇಕಾಗುತ್ತದೆ. ಸೊಂಟದ ಪಟ್ಟಿ ಸಡಿಲವಾದರೆ ತೆರೆದುಕೊಳ್ಳುವ ಗೌನಿನಲ್ಲಿ ಯಾರಿಗೂ ನೆಮ್ಮದಿಯಿಂದ ಓಡಾಡಲು ಆಗುವುದಿಲ್ಲ. ಮೀನಖಂಡದವರೆಗೆ ಬರುವ ಗುಂಡಿಯ ಅಂಗಿಯನ್ನು ಪಲಾಜೋದ ಮೇಲೆ ತೊಟ್ಟರೆ ಅದು ಹೊರಗೆ ಹೋಗುವ ಉಡುಪೇ ಆಯಿತು. ಒಂದು ಹೊಲಿಸಿ ತಂದು ಅಮ್ಮನಿಗೆ ತೋರಿಸಿ. ಅವರೂ ಒಂದು ಕೇಳಬಹುದು. ಮದುವೆಯ ಬೆಳಿಗ್ಗೆ ಅವರಿಗಿಂತ ಮೊದಲು ಎದ್ದವರು ಯಾರೂ ಇರುವುದಿಲ್ಲವಾದ್ದರಿಂದ ಎಂಟನೆಯದನ್ನು ಅವರಿಗೆಂದೇ ಹೊಲಿಸಿದರೂ ಚೆಂದ.

ಅಂಗಿಯ ಮೇಲೆ ಹೆಸರನ್ನೋ 'ಮದುಮಗಳ ಬಳಗ' ಎಂಬಂಥ ಬರಹವನ್ನೋ ಅಚ್ಚು ಹಾಕಿಸಬೇಡಿ. ಅಂಥದ್ದು ಒಂದು ದಿನ ತೊಟ್ಟ ಮೇಲೆ ಕಪಾಟು ಸೇರುತ್ತದೆ. ಬರಹವಿಲ್ಲದ ಅಂಗಿಯನ್ನು ಅವರು ಇನ್ನೆರಡು ವರ್ಷ ಬಾಳಿಸುತ್ತಾರೆ. ಆದರೆ ಏಳೂ ಒಂದೇ ಬಟ್ಟೆಯಾದ್ದರಿಂದ ಒಳಗೊರಳಿನಲ್ಲಿ ಒಬ್ಬೊಬ್ಬರಿಗೆ ಒಂದೊಂದು ಬಣ್ಣದ ದಾರದಿಂದ ನಾಲ್ಕು ಹೊಲಿಗೆ ಹಾಕಿಸಿ. ಒಂದೇ ಕೋಣೆಯಲ್ಲಿ ಕಳಚಿಟ್ಟ ಏಳು ಅಂಗಿಗಳಲ್ಲಿ ತನ್ನದು ಯಾವುದೆಂದು ಹುಡುಕುವ ಕಷ್ಟ ತಪ್ಪುತ್ತದೆ. ಎರಡೂ ಬದಿಗೆ ಆಳವಾದ ಕಿಸೆ ಇರಲಿ. ಆ ಬೆಳಿಗ್ಗೆ ಕೋಣೆಯ ಬೀಗದ ಕೈ, ನಿಮ್ಮ ಫೋನು, ಸೇಫ್ಟಿ ಪಿನ್ನು ಎಲ್ಲವೂ ಯಾರದೋ ಒಬ್ಬರ ಕಿಸೆಯಲ್ಲೇ ಇರಬೇಕಾಗುತ್ತದೆ.

ದರ್ಜಿಗೆ ಎರಡು ತಿಂಗಳು ಮೊದಲೇ ಕೊಡಿ. ವೈಶಾಖದ ಲಗ್ನಗಳ ಹೊತ್ತಿಗೆ ಅವರ ಅಂಗಡಿಯಲ್ಲಿ ರವಿಕೆಗಳ ರಾಶಿಯೇ ಬಿದ್ದಿರುತ್ತದೆ. ಗೆಳತಿಯರ ಕೈಗೆ ಹದಿನೈದು ದಿನ ಮೊದಲು ತಲುಪಿಸಿದರೆ ತೊಟ್ಟು ನೋಡಿ, ಬೇಕಿದ್ದರೆ ಬಿಗಿಸಿ ಸಡಿಲಿಸಿಕೊಳ್ಳಲು ಸಮಯವಿರುತ್ತದೆ.

ಪ್ರಶ್ನೆ: ನಾವು ಕಾರವಾರದ ಕೊಂಕಣಿ ಕ್ರೈಸ್ತ ಕುಟುಂಬದವರು. ಜನವರಿ ಕೊನೆಯಲ್ಲಿ ಚರ್ಚಿನಲ್ಲಿ ನನ್ನ ವಿವಾಹ. ನನ್ನ ಜೊತೆ ಮೂವರು ಧೇಡಿಯರು (ಮದುಮಗಳ ಜೊತೆಗಾತಿಯರು) ನಿಲ್ಲುತ್ತಾರೆ. ಅವರಿಗೆ ಜೊತೆಯುಡುಪು ಕೊಡಬೇಕೆಂದಿದ್ದೇನೆ. ಅದನ್ನು ಹಿಂದಿನ ದಿನದ ರೋಸ್ ಶಾಸ್ತ್ರಕ್ಕೇ ತೊಡಲು ಕೊಡಲೇ, ಮರುದಿನ ಬೆಳಿಗ್ಗೆ ಚರ್ಚಿನ ಗೌನು ತೊಡುವ ಮೊದಲು ಹಾಕಿಕೊಳ್ಳಲು ಕೊಡಲೇ? ಹೊಳೆಯುವ ಬಟ್ಟೆಯೇ ಇರಲೆಂದು ಅವರ ಆಸೆ.
(ಓದುಗಳು, ಕಾರವಾರ)

ಉತ್ತರ: ಬೆಳಿಗ್ಗೆ ತೊಡಲು ಕೊಡಿ. ರೋಸ್ ದಿನ ಮದುಮಗಳಿಗೆ ತೆಂಗಿನ ಹಾಲು, ಎಣ್ಣೆ ಹಚ್ಚುವಾಗ ಪಕ್ಕದಲ್ಲಿ ನಿಂತವರ ಮೈಮೇಲೂ ಅದು ಸಿಡಿಯದೆ ಇರುವುದಿಲ್ಲ. ಹತ್ತಿರದವರಿಗೆ ಬೇಕೆಂದೇ ಹಚ್ಚುತ್ತಾರೆ, ಅದೇ ಆ ಸಂಜೆಯ ಸಂತೋಷ. ಹೊಸ ಉಡುಪು ತೊಟ್ಟವರು ದೂರ ಸರಿದು ನಿಲ್ಲುತ್ತಾರೆ. ಧೇಡಿಯರು ದೂರ ನಿಲ್ಲುವಂತೆ ಆಗಬಾರದು. ಅಂದಿಗೆ ಹಳೆಯ ಹತ್ತಿ ಉಡುಪೇ ಸರಿ. ಎಣ್ಣೆ ತಾಗಿದ ಜಾಗಕ್ಕೆ ಕಡಲೆಹಿಟ್ಟು ಉದುರಿಸಿ ಹೀರಿಸಿ, ಆಮೇಲೆ ಅಂಟುವಾಳದ ನೀರಿನಲ್ಲಾಗಲಿ ಸಾಬೂನಿನಲ್ಲಾಗಲಿ ಒಗೆದರೆ ಹೋಗುತ್ತದೆ.

ನಿಮ್ಮ ವಿಷಯದಲ್ಲಿ ಹೊಲಿಗೆ ಸ್ವಲ್ಪ ಬೇರೆಯಾಗಬೇಕು. ಸೀರೆಯಂತೆ ಗೌನನ್ನು ಮೈಗೆ ಸುತ್ತಿಕೊಳ್ಳುವುದಲ್ಲ. ನೆಲದಲ್ಲಿ ಹರಡಿದ ಗೌನಿನೊಳಗೆ ಕಾಲಿಟ್ಟು, ಇಬ್ಬರು ಅದನ್ನು ಮೇಲೆತ್ತಿ, ಒಬ್ಬರು ಬೆನ್ನ ಹಿಂದಿನ ಜಿಪ್ಪು ಎಳೆಯಬೇಕು. ಆ ಕ್ಷಣದಲ್ಲಿ ಮೇಲಿನ ಉಡುಪು ಒಂದೇ ಎಳೆತಕ್ಕೆ ಹೆಗಲಿನಿಂದ ಜಾರಿ ಹೋಗಬೇಕು. ಹಾಗಾಗಿ ನಿಮಗೆ ಗುಂಡಿಗಿಂತ ಒಂದರ ಮೇಲೊಂದು ಅಂಚು ಬಂದು ಪಟ್ಟಿ ಕಟ್ಟುವ ಗೌನೇ ಅನುಕೂಲ. ಹೊರಗಿನ ಪಟ್ಟಿಯ ಜೊತೆಗೆ ಒಳಬದಿಯಲ್ಲಿಯೂ ಒಂದು ಲಾಡಿ ಇಡಿಸಿ. ಹೊರಗಿನದು ಸಡಿಲವಾದರೂ ಒಳಗಿನದು ಹಿಡಿದುಕೊಳ್ಳುತ್ತದೆ. ಎರಡು ಅಂಚುಗಳು ಒಂದರ ಮೇಲೊಂದು ಕಡಿಮೆಯೆಂದರೂ ಎಂಟು ಇಂಚು ಬರುವಂತೆ ಅಗಲವಿರಬೇಕು, ಇಲ್ಲದಿದ್ದರೆ ಕುಳಿತಾಗ ತೊಡೆಯ ಮೇಲೆ ತೆರೆದುಕೊಳ್ಳುತ್ತದೆ. ಪಟ್ಟಿಯನ್ನು ಬದಿಯ ಹೊಲಿಗೆಗೆ ಒಂದೆಡೆ ಗಟ್ಟಿಯಾಗಿ ಹೊಲಿಸಿಬಿಡಿ. ಬಿಡಿ ಪಟ್ಟಿ ಮದುವೆ ಮನೆಯಲ್ಲಿ ಕಳೆದುಹೋಗುವ ಮೊದಲ ವಸ್ತು.

ಹೊಳಪು ಬೇಕೆಂಬ ಆಸೆಗೆ ಅಡ್ಡಿ ಹೇಳುವುದಿಲ್ಲ. ಹತ್ತಿಯ ನೂಲಿನಲ್ಲಿ ಸ್ಯಾಟಿನ್ ನೇಯ್ಗೆ ಮಾಡಿದ ಬಟ್ಟೆ ಸಿಗುತ್ತದೆ. ಅದಕ್ಕೆ ಪಾಲಿಯೆಸ್ಟರಿನಷ್ಟು ಮಿಂಚು ಇರುವುದಿಲ್ಲ, ಒಂದು ಮೃದುವಾದ ಹೊಳಪು ಇರುತ್ತದೆ, ಮೈಗೂ ತಂಪು. ಅಂಗಡಿಯಲ್ಲಿ 'ಕಾಟನ್ ಸ್ಯಾಟಿನ್' ಎಂದೇ ಕೇಳಿ, ಮೇಲಿನ ಉತ್ತರದಲ್ಲಿ ಹೇಳಿದಂತೆ ನೂಲು ಸುಟ್ಟು ನೋಡಿ. ಜನವರಿಯಲ್ಲಿ ಕಾರವಾರದ ಬೆಳಗು ಹಿತವಾಗಿರುವುದರಿಂದ ಸೆಕೆಯ ಕಾಟ ನಿಮಗೆ ಕುಮಟಾದ ಮೇ ತಿಂಗಳಿನಷ್ಟು ಇರದು. ಇದು ನಿಮ್ಮ ಪಾಲಿನ ಅದೃಷ್ಟ. ನಿಮ್ಮದು ಬಿಳಿ ಅಥವಾ ದಂತವರ್ಣ, ಧೇಡಿಯರದ್ದು ಅವರು ಚರ್ಚಿಗೆ ತೊಡುವ ಗೌನಿನ ಬಣ್ಣದ ತಿಳಿಛಾಯೆ ಎಂದಿಟ್ಟುಕೊಂಡರೆ ದಿನದ ಚಿತ್ರಗಳೆಲ್ಲ ಒಂದಕ್ಕೊಂದು ಹೊಂದುತ್ತವೆ. ನೀವು ಬಿಳಿ ತೊಡುವುದಾದರೆ ತುಟಿಯ ಬಣ್ಣವನ್ನು ಗೌನು ತೊಟ್ಟ ನಂತರವೇ ಹಚ್ಚಿಸಿಕೊಳ್ಳಿ.

ಗೌನಿನ ಒಳಗೆ ತೊಡುವ ಲಂಗ, ಒಳಉಡುಪು ಯಾವುದೆಂದು ಧೇಡಿಯರಿಗೆ ಮೊದಲೇ ತಿಳಿದಿರಲಿ. ಅದನ್ನು ಬೆಳಿಗ್ಗೆಯೇ ತೊಟ್ಟು ಮೇಲೆ ನಿಮ್ಮ ಉಡುಗೊರೆ ಹಾಕಿಕೊಂಡರೆ ಎರಡು ಸಲ ಬದಲಿಸುವ ಕೆಲಸ ತಪ್ಪುತ್ತದೆ. ಬಿಗಿ ಲಾಸ್ಟಿಕ್ಕಿನ ಪೈಜಾಮ ಬೇಡ. ಸೊಂಟದ ಮೇಲೆ ಬಿದ್ದ ಲಾಸ್ಟಿಕ್ಕಿನ ಗೆರೆ ತಾಸುಗಟ್ಟಲೆ ಉಳಿಯುತ್ತದೆ, ತೆಳು ಗೌನಿನಲ್ಲಿ ಕಾಣುತ್ತದೆ.

ಪ್ರಶ್ನೆ: ಮದುವೆಯಾಗುವ ಗೆಳತಿ ನನಗೆ ತೋಳಿಲ್ಲದ ಸ್ಯಾಟಿನ್ ಉಡುಪನ್ನು ಈಗಾಗಲೇ ಕಳುಹಿಸಿದ್ದಾಳೆ. ತೊಡಲು ನನಗೆ ಸಂಕೋಚ. ಹೇಳಿದರೆ ಅವಳು ನೊಂದುಕೊಳ್ಳುತ್ತಾಳೇನೋ ಎಂಬ ಭಯ. ಮದುವೆಗೆ ಇನ್ನು ಮೂರು ವಾರವಿದೆ.
(ಓದುಗಳು, ಅಂಕೋಲಾ)

ಉತ್ತರ: ಇಂದೇ ಫೋನ್ ಮಾಡಿ ಹೇಳಿ. ಸಂದೇಶ ಬರೆಯಬೇಡಿ, ಬರೆದ ಮಾತಿನಲ್ಲಿ ನಿಮ್ಮ ದನಿ ಕೇಳುವುದಿಲ್ಲ. 'ಬಟ್ಟೆಯ ಬಣ್ಣ ನನಗೆ ಇಷ್ಟವಾಯಿತು, ತೋಳಿಲ್ಲದೆ ನನಗೆ ಮುಜುಗರ, ಒಳಗೆ ಅದೇ ಬಣ್ಣದ ತೆಳು ಹತ್ತಿಯ ತೋಳಿನ ಅಂಗಿ ತೊಟ್ಟುಕೊಳ್ಳಲೇ' ಎಂದು ಕೇಳಿ. ಮೂರು ವಾರ ಮೊದಲು ಕೇಳಿದ ಮಾತಿಗೆ ಯಾವ ಗೆಳತಿಯೂ ನೊಂದುಕೊಳ್ಳಲಾರಳು. ಆ ಬೆಳಿಗ್ಗೆ ನೀವು ಉಡುಪು ಮರೆತು ಬಂದೆನೆಂದು ನೆಪ ಹೇಳಿದರೆ ಖಂಡಿತ ನೋಯುತ್ತಾಳೆ. ಬಹುಶಃ ನಿಮ್ಮಂತೆಯೇ ಸಂಕೋಚಪಡುವ ಇನ್ನೊಬ್ಬಳು ಆ ಗುಂಪಿನಲ್ಲಿದ್ದಾಳೆ, ಅವಳಿಗೂ ದಾರಿಯಾಗುತ್ತದೆ.

ಒಳಗಿನ ಅಂಗಿಯ ಕೊರಳು ಸ್ಯಾಟಿನ್ ಉಡುಪಿನ ಕೊರಳಿಗಿಂತ ಹೊರಗೆ ಇಣುಕದಿರಲಿ, ಅದು ಕೂಡ ಮುಂದೆ ತೆರೆಯುವಂಥದ್ದೇ ಇರಲಿ. ಸ್ಯಾಟಿನ್ನಿಗೆ ಇಸ್ತ್ರಿ ಮಾಡುವಾಗ ಉಡುಪನ್ನು ಒಳಮಗ್ಗುಲಾಗಿ ತಿರುಗಿಸಿ, ಇಸ್ತ್ರಿಯ ಬಿಸಿ ಅತಿ ಕಡಿಮೆಯಲ್ಲಿಟ್ಟು, ಮೇಲೆ ಒಂದು ಹತ್ತಿಯ ಪಂಚೆ ಹಾಸಿ ಮಾಡಿ. ನೀರು ಚಿಮುಕಿಸಬೇಡಿ, ನೀರಿನ ಹನಿಯ ಗುರುತು ಹೊಳೆಯುವ ಬಟ್ಟೆಯಲ್ಲಿ ಹಾಗೆಯೇ ಉಳಿದುಬಿಡಬಹುದು.